ವಹಾಕಾ ಮಾರ್ಕೆಟ್ಟಿನಲ್ಲಿ ಗೈಡ್ ಜೊತೆ ತಿಂಡಿ ಸುತ್ತು: ಅಮ್ಮ ಮೊಟ್ಟೆ ಕೂಡ ತಿನ್ನುವುದಿಲ್ಲ, ಕರೆದುಕೊಂಡು ಹೋಗಬಹುದಾ?

ತುಮಕೂರು_ಡಲ್ಲಾಸ್:
ಎಲ್ಲರಿಗೂ ನಮಸ್ಕಾರ. ಅಪ್ಪ ಅಮ್ಮ ತುಮಕೂರಿನಿಂದ ನಮ್ಮ ಮನೆಗೆ ಬಂದಿದ್ದಾರೆ. ಅಕ್ಟೋಬರ್ ಕೊನೆಯ ವಾರ ಅವರನ್ನು ಮೆಕ್ಸಿಕೋದ ವಹಾಕಾ ಊರಿಗೆ ಕರೆದುಕೊಂಡು ಹೋಗೋಣ ಅಂತ ಟಿಕೆಟ್ ಮಾಡಿಸಿದ್ದೇನೆ. ಅಪ್ಪನಿಗೆ ಸಂತೆ ಅಂದರೆ ಪ್ರಾಣ. ಎಲ್ಲಿಗೆ ಹೋದರೂ ಮೊದಲು ಕೇಳುವುದು "ಇಲ್ಲಿ ತರಕಾರಿ ಮಾರ್ಕೆಟ್ ಎಲ್ಲಿದೆ?" ಅಂತಲೇ. ಅಲ್ಲಿನ ಹಳೆಯ ಮಾರ್ಕೆಟ್ಟುಗಳಲ್ಲಿ ಗೈಡ್ ಜೊತೆ ಮೂರು ನಾಲ್ಕು ಗಂಟೆ ತಿನ್ನುತ್ತಾ ಸುತ್ತುವ ಟೂರ್‌ಗಳಿವೆ. ಆದರೆ ಅಮ್ಮ ಮೊಟ್ಟೆ ಕೂಡ ತಿನ್ನುವುದಿಲ್ಲ. ಅಷ್ಟು ದುಡ್ಡು ಕೊಟ್ಟು ಅಮ್ಮ ಸುಮ್ನೆ ನಿಂತು ನೋಡುವ ಹಾಗಾದರೆ ನನಗೆ ಬೇಜಾರಾಗುತ್ತೆ. ಹೋಗಿ ಬಂದವರು ಇದ್ದರೆ ದಯವಿಟ್ಟು ಹೇಳಿ. ಗೈಡ್ ಬೇಕಾ, ನಾವೇ ಹೋದರೆ ಸಾಕಾ?

ಕಾವಲಿ:
ಖಂಡಿತ ಕರೆದುಕೊಂಡು ಹೋಗಿ. ಹೋದ ವರ್ಷ ಫೆಬ್ರವರಿಯಲ್ಲಿ ನಾನು, ನಮ್ಮ ಯಜಮಾನರು ಹೋಗಿದ್ದೆವು. ನಾನೂ ಮಾಂಸ ತಿನ್ನುವುದಿಲ್ಲ. ಆ ಬೆಳಗ್ಗೆ ಇನ್ನೂ ಕಣ್ಣ ಮುಂದೆ ಇದೆ, ಸ್ವಲ್ಪ ಉದ್ದವಾಗಿಯೇ ಬರೆಯುತ್ತೇನೆ.

ಊರ ಮಧ್ಯದ ಚೌಕಕ್ಕೆ ಸೋಕಲೋ ಅನ್ನುತ್ತಾರೆ. ಅಲ್ಲಿಂದ ದಕ್ಷಿಣಕ್ಕೆ ಎರಡು ಹೆಜ್ಜೆ ಹಾಕಿದರೆ ಬೆನಿತೋ ಹುವಾರೆಸ್ ಮಾರ್ಕೆಟ್. ಅದನ್ನು ದಾಟಿದರೆ 20 ದೆ ನೋವಿಯೆಂಬ್ರೆ, ಅಂದರೆ ನವೆಂಬರ್ 20 ಅನ್ನುವ ಮಾರ್ಕೆಟ್. 1910ರ ಮೆಕ್ಸಿಕೋ ಕ್ರಾಂತಿ ಶುರುವಾದ ದಿನದ ಹೆಸರು ಅದು. ಮೊದಲನೆಯದರಲ್ಲಿ ಸಾಮಾನು ಜಾಸ್ತಿ, ಎರಡನೆಯದರಲ್ಲಿ ಊಟ ಜಾಸ್ತಿ.

ನಮ್ಮ ಗೈಡ್ ಪಕ್ಕದ ಹಳ್ಳಿಯ ಸಪೋತೆಕ್ ಹೆಂಗಸು, ಅಂದರೆ ಅಲ್ಲಿನ ಮೂಲನಿವಾಸಿ ಜನಾಂಗದವರು. ಶುರುವಿನಲ್ಲೇ ಎರಡು ಮಾತು ಹೇಳಿದರು. ಒಂದು, ಎಲ್ಲಿಯೂ ಎರಡು ತುತ್ತಿಗಿಂತ ಜಾಸ್ತಿ ತಿನ್ನಬೇಡಿ. ಇನ್ನೊಂದು, ಅಂಗಡಿ ಮುಂದೆ ನಿಂತ ಕೂಡಲೇ ಕೈ ತೋರಿಸಿ ರೇಟು ಕೇಳಬೇಡಿ, ಮೊದಲು "ಬ್ವೆನೋಸ್ ದೀಯಾಸ್", ಅಂದರೆ ಶುಭೋದಯ, ಅನ್ನಿ. ಇಷ್ಟೇ. ಆದರೆ ಇದರಿಂದ ಎದುರಿಗಿರುವವರ ಮುಖ ಬದಲಾಗುವುದನ್ನು ನಾನೇ ನೋಡಿದೆ.

ಮೊದಲು ಕುಡಿಸಿದ್ದು ತೆಹಾತೆ. ಇದಕ್ಕೆ ಹಾಲಿಲ್ಲ, ಮೊಟ್ಟೆ ಇಲ್ಲ, ನಿಮ್ಮ ಅಮ್ಮ ಧೈರ್ಯವಾಗಿ ಕುಡಿಯಬಹುದು. ಬೂದಿ ಹಾಕಿ ಬೇಯಿಸಿದ ಮೆಕ್ಕೆಜೋಳ, ಹುರಿದ ಕೊಕೊ ಬೀಜ, ಮಮೇ ಅನ್ನುವ ಹಣ್ಣಿನ ಬೀಜದ ತಿರುಳು, ಒಂದು ಜಾತಿ ಮರದ ಒಣಗಿದ ಹೂ, ಇಷ್ಟನ್ನೂ ನುಣ್ಣಗೆ ರುಬ್ಬಿದ ಮುದ್ದೆ ಅದು. ಅದನ್ನು ಮಾರುವ ಅಜ್ಜಿ ಅಗಲವಾದ ಮಣ್ಣಿನ ಬೋಗುಣಿಯಲ್ಲಿ ಮೊಣಕೈವರೆಗೆ ಕೈ ಇಳಿಸಿ ಮುದ್ದೆ ನಾದುತ್ತಿದ್ದರು. ಆಮೇಲೆ ಎತ್ತರದಿಂದ ನೀರು ಸುರಿದರು. ಮೇಲೆ ದಪ್ಪ ಬಿಳಿ ನೊರೆ ಎದ್ದಿತು. ಅದಕ್ಕೆ ಅವರು ಹೂವು ಅನ್ನುತ್ತಾರೆ. ಸಕ್ಕರೆ ಪಾಕ ಸ್ವಲ್ಪ ಹಾಕಿ, ಬಣ್ಣ ಬಳಿದ ಸೋರೆ ಬುರುಡೆಯ ಬಟ್ಟಲಿನಲ್ಲಿ ಕೊಟ್ಟರು. ತಣ್ಣಗೆ, ಹಿಟ್ಟು ಹಿಟ್ಟಾಗಿ, ಹೊಟ್ಟೆ ತಂಪಾಗುವ ಹಾಗೆ. ನಮ್ಮ ರಾಗಿ ಅಂಬಲಿ ಕುಡಿದು ಬೆಳೆದವರಿಗೆ ಇದು ಬೇಗ ಒಗ್ಗುತ್ತದೆ.

ಆಮೇಲೆ ಕರೆದುಕೊಂಡು ಹೋದದ್ದು ಒಂದು ಗಿರಣಿಗೆ. ನಮ್ಮೂರಲ್ಲಿ ರಾಗಿ ಬೀಸಿಸಲು ಹೋಗುವುದಿಲ್ವಾ, ಹಾಗೇ ಅಲ್ಲಿ ಹೆಂಗಸರು ಬಕೆಟ್ಟಿನಲ್ಲಿ ನೆನೆಸಿದ ಮೆಕ್ಕೆಜೋಳ ತರುತ್ತಾರೆ. ಜೋಳವನ್ನು ಸುಣ್ಣದ ನೀರಿನಲ್ಲಿ ಬೇಯಿಸಿ ರಾತ್ರಿಯೆಲ್ಲ ಬಿಟ್ಟಿರುತ್ತಾರೆ. ಬೆಳಗ್ಗೆ ತೊಳೆದಾಗ ಸಿಪ್ಪೆ ಜಾರಿಬರುತ್ತದೆ. ಇದಕ್ಕೆ ನಿಶ್ತಮಾಲ್ ಅನ್ನುತ್ತಾರೆ. ಸುಣ್ಣ ಇಲ್ಲದಿದ್ದರೆ ಹಿಟ್ಟು ಒಂದಕ್ಕೊಂದು ಅಂಟುವುದಿಲ್ಲ, ರೊಟ್ಟಿ ತಟ್ಟಲು ಆಗುವುದಿಲ್ಲ. ಅದಕ್ಕಿಂತ ದೊಡ್ಡದು, ಜೋಳದೊಳಗಿನ ನಿಯಾಸಿನ್ ಅನ್ನುವ ಜೀವಸತ್ವ ನಮ್ಮ ಮೈಗೆ ಸೇರುವುದೇ ಈ ಸುಣ್ಣದಿಂದ. ಯುರೋಪಿನವರು ಮೆಕ್ಕೆಜೋಳ ಮಾತ್ರ ತೆಗೆದುಕೊಂಡು ಹೋದರು, ಸುಣ್ಣದ ವಿದ್ಯೆ ಕಲಿಯಲಿಲ್ಲ. ಅಲ್ಲಿ ಜೋಳವನ್ನೇ ನಂಬಿದ್ದ ಬಡವರಿಗೆ ಪೆಲಾಗ್ರಾ ರೋಗ ಬಂತು. ಗಿರಣಿ ಮುಂದೆ ನಿಂತು, ಬಿಸಿ ಹಿಟ್ಟು ಅಂಗೈಯಲ್ಲಿ ಇಟ್ಟುಕೊಂಡು ಇದನ್ನು ಕೇಳಿದಾಗ ಮನಸ್ಸಿಗೆ ನಾಟಿತು. ನಾವು ಎಲೆ ಅಡಿಕೆಗೆ ಹಚ್ಚುವ ಅದೇ ಸುಣ್ಣ!

ಕೊನೆಗೆ ಮಿನಾ ಬೀದಿಯ ಚಾಕೊಲೇಟ್ ಗಿರಣಿ. ಕೊಕೊ, ಚಕ್ಕೆ, ಬಾದಾಮಿ, ಸಕ್ಕರೆ ನಿಮ್ಮ ಕಣ್ಣೆದುರೇ ಬೀಸಿಕೊಡುತ್ತಾರೆ. ಬಿಸಿ ನೀರಿಗೆ ಹಾಕಿ ಮರದ ಕಡೆಗೋಲನ್ನು ಎರಡು ಅಂಗೈ ನಡುವೆ ತಿರುಗಿಸಿ ನೊರೆ ಎಬ್ಬಿಸುತ್ತಾರೆ. ನಮ್ಮ ಮಜ್ಜಿಗೆ ಕಡೆಯುವ ಕೈಚಳಕವೇ.

ಒಂಟಿದಾರಿ:
ನನ್ನ ಅಭಿಪ್ರಾಯ ಬೇರೆ. ಗೈಡ್ ಬೇಡ. ಮಾರ್ಕೆಟ್ ಅಂದರೆ ಊರಿನವರು ದಿನವೂ ಬರುವ ಜಾಗ. ಅಲ್ಲಿ ಹತ್ತು ಹನ್ನೆರಡು ಜನ ಗುಂಪು ಕಟ್ಟಿಕೊಂಡು, ದಾರಿ ಅಡ್ಡ ನಿಂತು, ಒಬ್ಬರ ಹಿಂದೆ ಒಬ್ಬರು ಫೋಟೋ ಹೊಡೆಯುವುದು ನನಗೆ ಸರಿ ಕಾಣುವುದಿಲ್ಲ. ತರಕಾರಿ ತೂಗುವವರಿಗೂ ತೊಂದರೆ, ತೆಗೆದುಕೊಳ್ಳಲು ಬಂದವರಿಗೂ ತೊಂದರೆ. ನಾನು ಮೂರು ದಿನ ಒಬ್ಬನೇ ಹೋದೆ. ಜನ ಎಲ್ಲಿ ಜಾಸ್ತಿ ಕೂತಿದ್ದಾರೋ ಅಲ್ಲಿ ಕೂತೆ. ಪಕ್ಕದವರ ತಟ್ಟೆ ತೋರಿಸಿ ಅದೇ ಬೇಕು ಅಂದೆ. ನಿಮ್ಮ ಅಪ್ಪ ಸಂತೆ ಬಲ್ಲವರು. ಅವರಿಗೆ ಇನ್ನೊಬ್ಬರು ಸಂತೆ ತೋರಿಸಬೇಕಾ? ಅವರನ್ನು ಒಳಗೆ ಬಿಡಿ ಸಾಕು.

ಕಾವಲಿ:
ಒಂಟಿದಾರಿ ಅವರೇ, ಗುಂಪಿನ ವಿಷಯ ನೀವು ಹೇಳಿದ್ದು ನೂರಕ್ಕೆ ನೂರು ನಿಜ. ನನಗೂ ಅದರ ಅನುಭವ ಇದೆ. ಅದಕ್ಕೂ ಮೊದಲು ಬೇರೆ ಊರಿನಲ್ಲಿ ಒಂದು ಟೂರ್ ತೆಗೆದುಕೊಂಡಿದ್ದೆವು. ಹದಿನಾರು ಜನ. ಗೈಡ್ ಓಡಿಸಿಕೊಂಡು ಹೋದರು, ಕೊನೆಗೆ ಒಂದು ಉಡುಗೊರೆ ಅಂಗಡಿಯಲ್ಲಿ ಮುಕ್ಕಾಲು ಗಂಟೆ ಕೂರಿಸಿದರು. ಮಾರುವವರ ಹೆಸರು ಒಂದೂ ಗೊತ್ತಾಗಲಿಲ್ಲ. ಅಂಥದ್ದಕ್ಕೆ ಹೋಗುವುದಕ್ಕಿಂತ ಒಬ್ಬರೇ ಹೋಗುವುದು ಸಾವಿರ ಪಾಲು ವಾಸಿ.

ಅದಕ್ಕೇ ಈ ಸಲ ಮೊದಲೇ ಎರಡು ಪ್ರಶ್ನೆ ಕೇಳಿದ್ದೆ. ಗುಂಪಿನಲ್ಲಿ ಎಷ್ಟು ಜನ? ಯಾವ ಯಾವ ಅಂಗಡಿಗೆ, ಎಷ್ಟು ವರ್ಷದಿಂದ ಹೋಗುತ್ತೀರಿ? ಆರು ಜನಕ್ಕಿಂತ ಜಾಸ್ತಿ ಅಂದರೆ ಬೇಡ ಅಂದುಬಿಡಿ.

ಒಳ್ಳೆಯ ಗೈಡ್ ನಮಗೆ ರುಚಿ ತೋರಿಸುವುದಕ್ಕಿಂತ ಜಾಸ್ತಿ, ಜನರ ಪರಿಚಯ ಮಾಡಿಸುತ್ತಾರೆ. ಒಂದು ಉದಾಹರಣೆ ಕೊಡುತ್ತೇನೆ. ಒಣ ಮೆಣಸಿನಕಾಯಿ ಅಂಗಡಿಯಲ್ಲಿ ನಾನು ಕಾಲು ಕೆಜಿ ಹೊಗೆ ಹಾಕಿದ ಪಸಿಯಾ ಮೆಣಸಿನಕಾಯಿ ತೆಗೆದುಕೊಂಡೆ. ತೂಕ ಆಯಿತು, ದುಡ್ಡು ಕೊಟ್ಟೆ, ಹೊರಟೆ. ಗೈಡ್ ನನ್ನ ತೋಳು ಹಿಡಿದು ನಿಲ್ಲಿಸಿದರು. ಅಂಗಡಿಯಾಕೆಗೆ ನಗುತ್ತಾ "ಈ ಮಿ ಪಿಲೋನ್, ಮಾರ್ಚಾಂತಾ?" ಅಂದರು. ಆಕೆ ಬುಟ್ಟಿಗೆ ಕೈ ಹಾಕಿ ಇನ್ನೆರಡು ಮೆಣಸಿನಕಾಯಿ ಆರಿಸಿ ನನ್ನ ಚೀಲಕ್ಕೆ ಹಾಕಿದರು.

ಪಿಲೋನ್ ಅಂದರೆ ಕೊಸರು! ನಮ್ಮ ಅಜ್ಜಿ ಸೊಪ್ಪಿನವಳ ಹತ್ತಿರ ಕೇಳುತ್ತಿದ್ದ ಅದೇ ಕೊಸರು. ಮಾರ್ಚಾಂತಾ ಅನ್ನುವುದು ಕೊಳ್ಳುವವರು ಮಾರುವವರು ಒಬ್ಬರನ್ನೊಬ್ಬರು ಕರೆಯುವ ಹೆಸರು. ವರ್ತನೆ ಹಾಲಿನವರು, ವರ್ತನೆ ಹೂವಿನವರು ಅಂತೀವಲ್ಲ, ಆ ಸಲಿಗೆ ಅದರಲ್ಲಿದೆ. ಒಬ್ಬಳೇ ಹೋಗಿದ್ದರೆ ನಾನು ಮೆಣಸಿನಕಾಯಿ ತರುತ್ತಿದ್ದೆ. ಆ ಮಾತು ಕಲಿತು ಬರುತ್ತಿರಲಿಲ್ಲ.

ದುಡ್ಡಿನ ವಿಷಯ: ಒಬ್ಬರಿಗೆ ಕೊಟ್ಟದ್ದು ಬೆಂಗಳೂರಿನ ಒಳ್ಳೆಯ ಹೋಟೆಲಿನಲ್ಲಿ ನಾಲ್ಕು ಜನ ಊಟ ಮಾಡಿದಷ್ಟು. ತಿಂದದ್ದೆಲ್ಲ ಅದರಲ್ಲೇ ಸೇರಿತ್ತು. ಗೈಡ್‌ಗೆ ಕೊನೆಗೆ 10ರಿಂದ 15 ಶೇಕಡಾ ಬೇರೆ ಕೊಡುವುದು ರೂಢಿ.

ಒಂಟಿದಾರಿ:
ಕೊಸರಿನ ವಿಷಯ ನನಗೆ ಗೊತ್ತಿರಲಿಲ್ಲ. ಮೂರು ದಿನ ಸುತ್ತಿದರೂ ಯಾರೂ ಹೇಳಲಿಲ್ಲ. ಸಣ್ಣ ಗುಂಪು ಅಂದರೆ ಒಪ್ಪುತ್ತೇನೆ. ಮೊದಲ ದಿನ ಗೈಡ್ ಜೊತೆ, ಎರಡನೆಯ ದಿನ ನೀವೇ ಅದೇ ಅಂಗಡಿಗಳಿಗೆ ಹೋಗಿ. ಎರಡನೆಯ ಸಲ ಹೋದಾಗ ಗುರುತು ಹಿಡಿಯುತ್ತಾರೆ.

ಬ್ಯಾಡಗಿ_ಖಾರ:
ಅಕ್ಕಾ, ಮೆಣಸಿನಕಾಯಿ ಬಗ್ಗೆ ಇನ್ನಷ್ಟು ಬರೆಯಿರಿ. ನಮ್ಮದು ಹಾವೇರಿ ಜಿಲ್ಲೆ. ಮನೆಯಲ್ಲಿ ಮೂರು ತಲೆಮಾರಿನಿಂದ ಬ್ಯಾಡಗಿ ಮಾರ್ಕೆಟ್ಟಿಗೆ ಮೆಣಸಿನಕಾಯಿ ಹಾಕುತ್ತೇವೆ. ಮೆಣಸಿನಕಾಯಿ ಹುಟ್ಟಿದ್ದೇ ಆ ಕಡೆ, ಪೋರ್ಚುಗೀಸರು 16ನೇ ಶತಮಾನದಲ್ಲಿ ನಮ್ಮ ಕಡೆ ತಂದರು ಅಂತ ಓದಿದ್ದೇನೆ. ಅಲ್ಲಿ ಕೆಂಪು ಬಣ್ಣಕ್ಕೆ ಬೆಲೆಯೋ, ಖಾರಕ್ಕೆ ಬೆಲೆಯೋ?

ಕಾವಲಿ:
ತಮ್ಮಾ, ಒಳ್ಳೆಯ ಪ್ರಶ್ನೆ ಕೇಳಿದೆ. ಅಲ್ಲಿ ಹಸಿ ಕಾಯಿಗೆ ಒಂದು ಹೆಸರು, ಒಣಗಿದ ಮೇಲೆ ಇನ್ನೊಂದು ಹೆಸರು. ಹಸಿ ಪೊಬ್ಲಾನೊ ಒಣಗಿದರೆ ಆಂಚೊ. ಹಲಪೆನ್ಯೊ ಹಣ್ಣಾಗಿ ಹೊಗೆಯಲ್ಲಿ ಒಣಗಿದರೆ ಚಿಪೋತ್ಲೆ. ಮಿರಸೋಲ್ ಒಣಗಿದರೆ ಗ್ವಾಹಿಯೊ. ಈ ಗ್ವಾಹಿಯೊ ಕೈಯಲ್ಲಿ ಹಿಡಿದಾಗ ನನಗೆ ನಿಮ್ಮ ಬ್ಯಾಡಗಿಯೇ ನೆನಪಾಯಿತು. ಖಾರ ಕಡಿಮೆ, ಬಣ್ಣ ಗಾಢ. ಸಿಪ್ಪೆ ಮಾತ್ರ ನುಣುಪು, ನಮ್ಮದರ ಹಾಗೆ ಸುಕ್ಕಿಲ್ಲ. ಮನೆಯಲ್ಲಿ ಗ್ವಾಹಿಯೊ ಮುಗಿದಾಗ ನಾನು ಬ್ಯಾಡಗಿ ಹಾಕುತ್ತೇನೆ, ಚೆನ್ನಾಗಿ ಹೊಂದುತ್ತದೆ.

ಕೇಳಿದ್ದಕ್ಕೆ ಉತ್ತರ: ವಹಾಕಾದಲ್ಲಿ ಖಾರಕ್ಕಿಂತ ಪರಿಮಳಕ್ಕೆ, ಬಣ್ಣಕ್ಕೆ ಬೆಲೆ. ಅಲ್ಲಿ ಚಿಲ್ವಾಕ್ಲೆ ಅನ್ನುವ ಕಾಯಿ ಇದೆ. ಆ ರಾಜ್ಯದ ಕನ್ಯಾದಾ ಅನ್ನುವ ಕಣಿವೆಯಲ್ಲಿ ಬೆಳೆಯುತ್ತದೆ, ಬೆಳೆಯುವವರು ಕಡಿಮೆ, ಬೆಲೆ ಜಾಸ್ತಿ. ಕಪ್ಪು ಮೋಲೇಗೆ ಅದೇ ಜೀವ. ಮೋಲೇ ಅಂದರೆ ಹುರಿದು ರುಬ್ಬಿದ ದಪ್ಪ ಸಾರು. ಮೆಣಸಿನಕಾಯಿಯ ಬೀಜ ತೆಗೆದು ಅದನ್ನು ಬೇರೆಯಾಗಿ ಕಪ್ಪಾಗುವವರೆಗೆ ಸುಡುತ್ತಾರೆ. ಎಳ್ಳು, ಬಾದಾಮಿ, ಕಡಲೆಕಾಯಿ ಬೀಜ, ಒಣದ್ರಾಕ್ಷಿ, ಬಾಳೆಹಣ್ಣು, ಟೊಮೇಟೊ, ಲವಂಗ, ಚಕ್ಕೆ, ಕಾಳುಮೆಣಸು, ಕೊನೆಗೆ ಚಾಕೊಲೇಟ್. ಇದರಲ್ಲಿ ಲವಂಗ, ಚಕ್ಕೆ, ಕಾಳುಮೆಣಸು ನಮ್ಮ ಏಷ್ಯಾ ಕಡೆಯಿಂದ ಹೋದವು. ನಿಮ್ಮ ಮೆಣಸಿನಕಾಯಿ ಅಲ್ಲಿಂದ ಬಂತು. ಹುಣಸೆಹಣ್ಣೂ ಅಲ್ಲಿಗೆ ಹೊರಗಿನಿಂದ ಹೋದದ್ದೇ, ಅಲ್ಲಿ ತಾಮರಿಂದೋ ಅಂತ ಪಾನಕ ಮಾಡಿ ಗಾಜಿನ ದೊಡ್ಡ ಜಾಡಿಗಳಲ್ಲಿ ಇಟ್ಟಿರುತ್ತಾರೆ.

ಮಾರ್ಕೆಟ್ಟಿನಲ್ಲಿ ಮೋಲೇ ಮುದ್ದೆಯನ್ನು ಗುಡ್ಡ ಮಾಡಿ ಇಟ್ಟಿರುತ್ತಾರೆ. ಕಪ್ಪು, ಕೆಂಪು, ಹಳದಿ, ಹಸಿರು. ವಹಾಕಾದಲ್ಲಿ ಏಳು ಮೋಲೇ ಅಂತ ಮಾತು. ಚಮಚದ ತುದಿಯಲ್ಲಿ ನಾಲಿಗೆಗೆ ಹಚ್ಚಿಸುತ್ತಾರೆ, ತೆಗೆದುಕೊಳ್ಳಲೇಬೇಕು ಅಂತ ಯಾರೂ ಒತ್ತಾಯ ಮಾಡುವುದಿಲ್ಲ.

ಜೋಳಿಗೆ_ಸಸ್ಯಾಹಾರಿ:
ಅಮ್ಮನ ಊಟದ ವಿಷಯಕ್ಕೆ ಬರುತ್ತೇನೆ, ಮುಖ್ಯ ಅದೇ ಅಲ್ವಾ. ನಾನು ಒಂಬತ್ತು ದಿನ ಇದ್ದೆ, ಹಸಿದುಕೊಂಡು ಒಂದು ದಿನವೂ ಮಲಗಲಿಲ್ಲ. ಆದರೆ ಕಣ್ಣಿಗೆ ಕಾಣದ ಮಾಂಸ ಅಲ್ಲಿ ಜಾಸ್ತಿ, ಅದನ್ನು ತಿಳಿದುಕೊಂಡು ಹೋಗಿ.

ದೊಡ್ಡ ತೊಡಕು ಹಂದಿ ಕೊಬ್ಬು. ಮಾಂತೇಕಾ ಅನ್ನುತ್ತಾರೆ. ಬೇಯಿಸಿ ಅರೆದ ಕಾಳಿಗೆ ಹಾಕುತ್ತಾರೆ. ತಮಾಲ್ ಅಂದರೆ ಎಲೆಯಲ್ಲಿ ಸುತ್ತಿ ಹಬೆಯಲ್ಲಿ ಬೇಯಿಸುವ ಕಡುಬು. ವಹಾಕಾದಲ್ಲಿ ಬಾಳೆಎಲೆಯಲ್ಲೂ ಕಟ್ಟುತ್ತಾರೆ, ನೋಡಿದರೆ ನಮ್ಮದೇ ಅನಿಸುತ್ತದೆ. ಆದರೆ ಸಿಹಿ ತಮಾಲ್‌ನಲ್ಲೂ ಮಾಂತೇಕಾ ಇರುತ್ತದೆ. ತ್ಲಾಯೂದಾ ಅನ್ನುವ ದೊಡ್ಡ ರೊಟ್ಟಿ ನಮ್ಮ ಉತ್ತರ ಕರ್ನಾಟಕದ ಖಡಕ್ ರೊಟ್ಟಿಯ ನೆಂಟ. ಅದರ ಮೇಲೆ ಅಸಿಯೆಂತೋ ಸವರುತ್ತಾರೆ, ಅದು ಹಂದಿ ಕೊಬ್ಬು ಕಾಯಿಸಿದಾಗ ತಳದಲ್ಲಿ ಉಳಿಯುವುದು. "ಸಿನ್ ಅಸಿಯೆಂತೋ" ಅಂದರೆ ಬಿಡುತ್ತಾರೆ. ಕೆಂಪು ಅನ್ನಕ್ಕೆ, ಮೋಲೇಗೆ ಕೋಳಿ ಬೇಯಿಸಿದ ನೀರು ಬಳಸುವುದು ಸಾಮಾನ್ಯ. "ಪಾನ್ ದೆ ಯೇಮಾ" ಅನ್ನುವ ಬ್ರೆಡ್‌ನಲ್ಲಿ ಯೇಮಾ ಅಂದರೆ ಮೊಟ್ಟೆಯ ಹಳದಿ. ಸುತ್ತಿಟ್ಟ ದಾರದುಂಡೆ ತರ ಕಾಣುವ ಕೆಸಿಯೋ ಚೀಸ್‌ಗೆ ಹಾಲು ಒಡೆಯಲು ಕರುವಿನ ಹೊಟ್ಟೆಯ ರೆನೆಟ್ ಬಳಸಿರಬಹುದು. ಅಮ್ಮ ಅದನ್ನು ಹೇಗೆ ನೋಡುತ್ತಾರೋ ಅವರನ್ನೇ ಕೇಳಿ.

"ನಾನು ಸಸ್ಯಾಹಾರಿ" ಅಂದರೆ ಸಾಲದು. ಎಷ್ಟೋ ಜನರಿಗೆ ಕೊಬ್ಬು, ಸಾರು ಮಾಂಸ ಅನಿಸುವುದೇ ಇಲ್ಲ. ಅದಕ್ಕೆ ನೇರವಾಗಿ ಕೇಳಿ: "ಯೇವಾ ಮಾಂತೇಕಾ? ಯೇವಾ ಕಾಲ್ದೋ ದೆ ಪೋಯೋ?" ಅಂದರೆ ಹಂದಿ ಕೊಬ್ಬು ಇದೆಯಾ, ಕೋಳಿ ಸಾರು ಇದೆಯಾ ಅಂತ. ಟೂರ್ ಬುಕ್ ಮಾಡುವಾಗಲೇ ಗೈಡ್‌ಗೆ ಇಷ್ಟನ್ನೂ ಬರೆದು ಕಳಿಸಿ. ಒಳ್ಳೆಯವರು ಹಿಂದಿನ ದಿನವೇ ಅಂಗಡಿಗಳಲ್ಲಿ ಹೇಳಿಟ್ಟಿರುತ್ತಾರೆ.

ಇನ್ನು ಅಮ್ಮ ತಿನ್ನಬಹುದಾದದ್ದು ಎಷ್ಟೊಂದು ಇದೆ. ಬಿಸಿ ಬಿಸಿ ತೊರ್ತಿಯಾ ರೊಟ್ಟಿಯಲ್ಲಿ ಇರುವುದು ಜೋಳ, ಸುಣ್ಣ, ನೀರು ಅಷ್ಟೇ. ಕಾವಲಿ ಮೇಲೆ ಸುಟ್ಟ ನೊಪಾಲ್, ಬೆಣ್ಣೆಹಣ್ಣಿನ ಗ್ವಾಕಮೋಲೇ, ಕುಂಬಳ ಹೂವಿನ ಪಲ್ಯ ಇಟ್ಟು ಮಡಚಿದ ರೊಟ್ಟಿ. ಮಾವು, ಹಿಕಾಮಾ ಗೆಡ್ಡೆ, ಸೌತೆ ಹೆಚ್ಚಿ ನಿಂಬೆ ಖಾರ ಹಾಕಿದ ಹಣ್ಣಿನ ಬಟ್ಟಲು. ಅಲೆಗ್ರೀಯಾ ಅಂತ ಒಂದು ಚಿಕ್ಕಿ ಇದೆ, ರಾಜಗಿರಿ ಕಾಳಿನ ಅರಳಿಗೆ ಜೇನು ಇಲ್ಲವೇ ಬೆಲ್ಲದ ಪಾಕ. ಆ ಪದದ ಅರ್ಥ ಸಂತೋಷ. ಬಾಟಲಿ ನೀರು ಕುಡಿಯಿರಿ, ಹಣ್ಣು ನಿಮ್ಮೆದುರೇ ಸಿಪ್ಪೆ ತೆಗೆಸಿ.

ತುಮಕೂರು_ಡಲ್ಲಾಸ್:
ನೊಪಾಲ್ ಅಂದರೆ ನಮ್ಮ ಪಾಪಾಸುಕಳ್ಳಿಯಾ? ಅಪ್ಪ ಕೇಳಿ ಆಶ್ಚರ್ಯಪಟ್ಟರು. ನಮ್ಮ ಹೊಲದ ಬೇಲಿಯಲ್ಲಿ ಇತ್ತಂತೆ. ಇನ್ನೊಂದು, ಮಿಡತೆ ತಿನ್ನಿಸುತ್ತಾರೆ ಅಂತ ಕೇಳಿದೆ. ಅಮ್ಮನಿಗೆ ಹೇಗೆ ಹೇಳಲಿ?

ಜೋಳಿಗೆ_ಸಸ್ಯಾಹಾರಿ:
ಹೌದು, ಅದರ ಜಾತಿಯೇ. ಈ ಕಳ್ಳಿ ಮೇಲೆ ಒಂದು ಸಣ್ಣ ಹುಳ ಬೆಳೆಯುತ್ತದೆ, ಅದನ್ನು ಒಣಗಿಸಿ ಅರೆದರೆ ಕಡುಗೆಂಪು ಬಣ್ಣ. ಸ್ಪೇನಿನವರ ಕಾಲದಲ್ಲಿ ಮೆಕ್ಸಿಕೋದಿಂದ ಬೆಳ್ಳಿ ಬಿಟ್ಟರೆ ಬೆಲೆಬಾಳುವ ಸರಕು ಅದೇ. ವಹಾಕಾ ಅದರ ಮುಖ್ಯ ಜಾಗ. ಅದೇ ಆಸೆಗೆ ಈಸ್ಟ್ ಇಂಡಿಯಾ ಕಂಪನಿಯವರು 18ನೇ ಶತಮಾನದ ಕೊನೆಗೆ ಮದ್ರಾಸ್ ಕಡೆ ಕಳ್ಳಿ ಬೆಳೆಸಿ ನೋಡಿದರು.

ಮಿಡತೆಗೆ ಚಾಪುಲೀನೆಸ್ ಅನ್ನುತ್ತಾರೆ. ಹೊಲದಲ್ಲಿ ಹಿಡಿದು, ತೊಳೆದು, ಬೆಳ್ಳುಳ್ಳಿ, ನಿಂಬೆ, ಉಪ್ಪು ಹಾಕಿ ಹುರಿದು ಬುಟ್ಟಿಯಲ್ಲಿ ರಾಶಿ ಮಾಡಿರುತ್ತಾರೆ. ಅಮ್ಮನಿಗೆ ಮೊದಲೇ ಹೇಳಿಬಿಡಿ. ಬೇಡ ಅಂದರೆ "ನೋ, ಗ್ರಾಸಿಯಾಸ್" ಅಂತ ಮೆಲ್ಲಗೆ ಅಂದರೆ ಸಾಕು. ಮುಖ ಸಿಂಡರಿಸಬಾರದು ಅಷ್ಟೇ. ಅದು ಅವರ ಅನ್ನ.

ಶನಿವಾರಸಂತೆ_ಮಗಳು:
ಊರ ಮಾರ್ಕೆಟ್ ನೋಡಿ ಸುಮ್ಮನಾಗಬೇಡಿ ದಯವಿಟ್ಟು. ಭಾನುವಾರ ಸಿಕ್ಕರೆ ತ್ಲಾಕೊಲೂಲಾಗೆ ಹೋಗಿ, 30 ಕಿಲೋಮೀಟರ್ ಅಷ್ಟೇ. ಅಲ್ಲಿನ ಕಣಿವೆಯ ಊರುಗಳಲ್ಲಿ ಒಂದೊಂದು ದಿನ ಒಂದೊಂದು ಸಂತೆ. ಬುಧವಾರ ಏತ್ಲಾ, ಗುರುವಾರ ಸಾಚಿಲಾ, ಶುಕ್ರವಾರ ಒಕೊತ್ಲಾನ್, ಭಾನುವಾರ ತ್ಲಾಕೊಲೂಲಾ. ನನ್ನೂರಿನ ಹೆಸರೇ ಶನಿವಾರಸಂತೆ. ಅಲ್ಲಿ ಇದನ್ನು ಕೇಳಿದಾಗ ನನಗೆ ಮೈ ಜುಮ್ಮೆಂದಿತು.

ವಾರದ ಸಂತೆಗೆ ಅವರು ತ್ಯಾಂಗಿಸ್ ಅನ್ನುತ್ತಾರೆ, ಅಲ್ಲಿನ ಹಳೆಯ ನಾವಾಟ್ಲ್ ಭಾಷೆಯ ಪದ. ಸ್ಪೇನಿನವರು ಬರುವ ಮೊದಲೇ ಇದ್ದದ್ದು. ಹಳ್ಳಿಯ ಹೆಂಗಸರು ಹೂವಿನ ಕಸೂತಿಯ ಏಪ್ರನ್ ಕಟ್ಟಿ, ತಲೆಗೆ ಬಣ್ಣದ ಶಾಲು ಸುತ್ತಿ ನೆಲದ ಮೇಲೆ ಕೂತಿರುತ್ತಾರೆ. ಅವರವರೇ ಸಪೋತೆಕ್ ಮಾತಾಡಿಕೊಳ್ಳುತ್ತಾರೆ. ಮುಂದೆ ಐದೈದು ಟೊಮೇಟೊ, ನಾಲ್ಕು ನಾಲ್ಕು ಬೆಣ್ಣೆಹಣ್ಣು ಗುಡ್ಡೆ. ತೂಕ ಇಲ್ಲ, ಗುಡ್ಡೆ ಲೆಕ್ಕ. ನಮ್ಮ ಅಪ್ಪ ಹಾಗೇ ಕಿತ್ತಳೆ ಗುಡ್ಡೆ ಹಾಕಿ ಮಾರುತ್ತಿದ್ದರು. ಒಬ್ಬ ಅಜ್ಜಿಯ ಪಕ್ಕ ಕಲ್ಲಿನ ಮೇಲೆ ಕೂತು ಅರ್ಧ ಗಂಟೆ ಸುಮ್ನೆ ನೋಡಿದೆ. ಅವರು ನನಗೆ ಒಂದು ಬೇಯಿಸಿದ ಸೀಮೆಬದನೆಕಾಯಿ ಕೊಟ್ಟರು. ಸೀಮೆಬದನೆ ಹುಟ್ಟಿದ್ದೇ ಆ ಕಡೆ. ಅಲ್ಲಿ ಚಯೋತೆ ಅನ್ನುತ್ತಾರೆ.

ತ್ಲಾಕೊಲೂಲಾದಿಂದ ಸ್ವಲ್ಪ ಮುಂದೆ ಮಿತ್ಲಾ ಬಳಿ ಗಿಲಾ ನಕಿಟ್ಸ್ ಅನ್ನುವ ಗುಹೆ ಇದೆ. ಅಲ್ಲಿ ಸಿಕ್ಕಿದ ಮೆಕ್ಕೆಜೋಳದ ತೆನೆ ಚೂರುಗಳು 6000 ವರ್ಷಕ್ಕಿಂತ ಹಳೆಯವು. ಅದೇ ಮಣ್ಣಿನಲ್ಲಿ ಬೆಳೆದ ಜೋಳದ ರೊಟ್ಟಿ ಸಂತೆಯಲ್ಲಿ ಇವತ್ತಿಗೂ ಬೇಯುತ್ತಿದೆ.

ಫೋಟೋ ತೆಗೆಯುವ ಮೊದಲು ಕೇಳಿ. ಬೇಡ ಅನ್ನುವವರು ಅಲ್ಲಿ ಜಾಸ್ತಿ.

ಮೆರ್ಸೆದ್_ನೆರೆಯವ:
ನಾನು ಮೆಕ್ಸಿಕೋ ಸಿಟಿಯಲ್ಲಿ ಎರಡು ವರ್ಷ ಕೆಲಸಕ್ಕಿದ್ದೆ. ನಿಮ್ಮ ವಿಮಾನ ಅಲ್ಲಿ ಒಂದು ದಿನ ನಿಲ್ಲುವುದಾದರೆ ಲಾ ಮೆರ್ಸೆದ್ ಮಾರ್ಕೆಟ್ ನೋಡಿ. ಅಲ್ಲಿಗೆ ಮಾತ್ರ ಗೈಡ್ ಜೊತೆಯೇ ಹೋಗಿ, ಇದರಲ್ಲಿ ಎರಡು ಮಾತಿಲ್ಲ. ದಾರಿ ತಪ್ಪುವುದು ಖಚಿತ, ಜೇಬುಗಳ್ಳರೂ ಇದ್ದಾರೆ.

ಈಗಿನ ಕಟ್ಟಡ 1957ರದ್ದು. ಸಗಟು ವ್ಯಾಪಾರ ಎಲ್ಲ ಅಲ್ಲೇ ಇತ್ತು. 1982ರಲ್ಲಿ ಇಸ್ತಪಲಾಪಾ ಕಡೆ ಸೆಂತ್ರಾಲ್ ದೆ ಅಬಾಸ್ತೋ ಕಟ್ಟಿದ ಮೇಲೆ ಸಗಟು ಅಲ್ಲಿಗೆ ಹೋಯಿತು. ಆದರೂ ಮೆರ್ಸೆದ್ ಸಾಯಲಿಲ್ಲ. ಮೆಟ್ರೋ ಇಳಿದು ಮೆಟ್ಟಿಲು ಹತ್ತಿದರೆ ನೇರ ಮಾರ್ಕೆಟ್ ಒಳಗೇ ಬರುತ್ತೀರಿ. ಈರುಳ್ಳಿ, ಕೊತ್ತಂಬರಿ ವಾಸನೆ ಮೊದಲು ಬರುತ್ತದೆ, ಬೆಳಕು ಆಮೇಲೆ.

ಒಂದು ಸಾಲು ಪೂರ್ತಿ ಕಳ್ಳಿ ಎಲೆಯದ್ದೇ. ಚಾಕುವಿನಲ್ಲಿ ಮುಳ್ಳು ಹೆರೆಯುವ ಸದ್ದು ದೂರದಿಂದಲೇ ಕೇಳಿಸುತ್ತದೆ. ಕೈಗಾಡಿ ತಳ್ಳುವವರು "ಗೋಲ್ಪೆ! ಗೋಲ್ಪೆ!" ಅಂತ ಕೂಗುತ್ತಾ ಬರುತ್ತಾರೆ. ಏಟು ಬೀಳುತ್ತೆ, ಸರಿಯಿರಿ ಅಂತ ಅರ್ಥ. ಕೂಗು ಕೇಳಿದ ಕೂಡಲೇ ಗೋಡೆಗೆ ಒರಗಿಬಿಡಿ, ಅವರು ನಿಲ್ಲಿಸಲಾರರು. ಅಪ್ಪ ಅಮ್ಮನಿಗೆ ಇದನ್ನು ಮೊದಲೇ ಹೇಳಿಕೊಡಿ. ಕೆ.ಆರ್. ಮಾರ್ಕೆಟ್ಟಿನಲ್ಲಿ ಮೂಟೆ ಹೊತ್ತವರಿಗೆ ದಾರಿ ಬಿಟ್ಟು ಅಭ್ಯಾಸ ಇರುವವರಿಗೆ ಕಷ್ಟವಾಗದು.

ಆ ಊರಿಗೆ ಸಂತೆ ಹೊಸದಲ್ಲ. 1520ರಲ್ಲಿ ಸ್ಪೇನಿನ ದಂಡನಾಯಕ ಕೊರ್ತೇಸ್ ತನ್ನ ದೊರೆಗೆ ಬರೆದ ಪತ್ರದಲ್ಲಿ, ಇಲ್ಲಿನ ಚೌಕದಲ್ಲಿ ದಿನಕ್ಕೆ 60,000ಕ್ಕೂ ಹೆಚ್ಚು ಜನ ಕೊಡು ಕೊಳ್ಳು ನಡೆಸುತ್ತಾರೆ ಅಂದಿದ್ದಾನೆ. ತ್ಲಾತೆಲೋಲ್ಕೋ ಸಂತೆ ಅದು. 2010ರಲ್ಲಿ ಯುನೆಸ್ಕೊ ಮೆಕ್ಸಿಕೋದ ಸಾಂಪ್ರದಾಯಿಕ ಅಡುಗೆಯನ್ನು ಮನುಕುಲದ ಪರಂಪರೆ ಪಟ್ಟಿಗೆ ಸೇರಿಸಿತು. ನನ್ನ ಕೇಳಿದರೆ ಆ ಗೌರವ ಸಲ್ಲಬೇಕಾದದ್ದು ಮುಂಜಾನೆ ನಾಲ್ಕಕ್ಕೆ ಜೋಳ ತೊಳೆಯುವ ಹೆಂಗಸರಿಗೆ.

ದಾವಣಗೆರೆ_ರೈತ:
ಮೆರ್ಸೆದ್ ಸರ್, ಒಂದು ವಿಷಯ ಕೇಳಬೇಕಿತ್ತು. ನಾವು ನಾಲ್ಕು ಎಕರೆ ಮೆಕ್ಕೆಜೋಳ ಹಾಕುತ್ತೇವೆ. ತೆನೆಗೆ ಕಾಡಿಗೆ ರೋಗ ಬಂದರೆ ಕಿತ್ತು ಸುಡುತ್ತೇವೆ. ಅಲ್ಲಿ ಅದನ್ನೇ ತಿನ್ನುತ್ತಾರೆ ಅಂತ ಮಗ ಹೇಳಿದ. ನಿಜವಾ?

ಮೆರ್ಸೆದ್_ನೆರೆಯವ:
ನಿಜ ಸರ್. ವಿತ್ಲಾಕೋಚೆ ಅನ್ನುತ್ತಾರೆ. ಕಾಳು ಊದಿಕೊಂಡು ಬೂದು ಬಣ್ಣಕ್ಕೆ ಬಂದಾಗ, ಒಡೆದು ಪುಡಿಯಾಗುವ ಮೊದಲೇ ಕೀಳುತ್ತಾರೆ. ಈರುಳ್ಳಿ, ಹಸಿಮೆಣಸು ಹಾಕಿ ಬಾಡಿಸಿದರೆ ಅಣಬೆ ರುಚಿ. ಒಳ್ಳೆಯ ಜೋಳಕ್ಕಿಂತ ಅದಕ್ಕೇ ರೇಟು ಜಾಸ್ತಿ. ಆದರೆ ನಮ್ಮಲ್ಲಿ ಬರುವುದು ಅದೇ ಜಾತಿಯೋ, ಔಷಧಿ ಹೊಡೆದ ಹೊಲವೋ ನೋಡದೆ ತಿನ್ನಬೇಡಿ. ಕೃಷಿ ವಿಶ್ವವಿದ್ಯಾಲಯದವರನ್ನು ಕೇಳಿ.

ಕಾವಲಿ:
ತುಮಕೂರು ಅವರೇ, ಅಕ್ಟೋಬರ್ ಕೊನೆ ಅಂದಿರಲ್ಲ, ಈಗಲೇ ಬುಕ್ ಮಾಡಿ. ನವೆಂಬರ್ 1 ಮತ್ತು 2 ಅಲ್ಲಿ ಸತ್ತವರ ಹಬ್ಬ. ನಮ್ಮ ಪಿತೃಪಕ್ಷದ ಹಾಗೆ ಹಿರಿಯರಿಗೆ ಇಷ್ಟವಾದದ್ದನ್ನೆಲ್ಲ ಎಡೆ ಇಡುತ್ತಾರೆ. ಮಾರ್ಕೆಟ್ ತುಂಬ ಚೆಂಡು ಹೂವು, ಕೋಳಿಜುಟ್ಟಿನ ಹೂವು. ಚೆಂಡು ಹೂವಿನ ತವರೂ ಮೆಕ್ಸಿಕೋನೇ. ಸಣ್ಣ ಮುಖದ ಗೊಂಬೆ ಅಂಟಿಸಿದ ಬ್ರೆಡ್ ಸಿಗುತ್ತದೆ, ಅದರಲ್ಲಿ ಮೊಟ್ಟೆ ಇದೆ, ಅಮ್ಮನಿಗೆ ಬೇಡ. ಜನ ಜಾಸ್ತಿ, ಆದ್ದರಿಂದ ಬೆಳಗ್ಗೆ ಬೇಗ ಶುರುವಾಗುವ ಟೂರ್ ನೋಡಿ.

ತುಮಕೂರು_ಡಲ್ಲಾಸ್:
ಹೋಗಿ ಬಂದೆವು! ನಿಮಗೆಲ್ಲ ಹೇಗೆ ಥ್ಯಾಂಕ್ಸ್ ಹೇಳಲಿ ಗೊತ್ತಾಗುತ್ತಿಲ್ಲ.

ಐದು ಜನರ ಗುಂಪು ಸಿಕ್ಕಿತು. ಮಾಂತೇಕಾ, ಕೋಳಿ ಸಾರು, ಮೊಟ್ಟೆ ಎಲ್ಲ ಮೊದಲೇ ಬರೆದು ಕಳಿಸಿದ್ದೆ. ಗೈಡ್ ಹುಡುಗ ಅಮ್ಮನಿಗಾಗಿ ಒಂದು ಅಂಗಡಿಯಲ್ಲಿ ಕಾಳನ್ನು ಬರೀ ಎಣ್ಣೆಯಲ್ಲಿ ಮಾಡಿಸಿಟ್ಟಿದ್ದ. ಅಮ್ಮ ತೆಹಾತೆ ಎರಡು ಬಟ್ಟಲು ಕುಡಿದರು. 20 ದೆ ನೋವಿಯೆಂಬ್ರೆಯ ಹೊಗೆ ಓಣಿಯಲ್ಲಿ ಮಾತ್ರ ಅವರಿಗೆ ಕಷ್ಟವಾಯಿತು. ಎರಡೂ ಕಡೆ ಮಾಂಸ ಸುಡುತ್ತಾರೆ, ಕಣ್ಣು ಉರಿಯುತ್ತದೆ. ಗೈಡ್ ಅದನ್ನು ನೋಡಿ ಅಮ್ಮನನ್ನು, ನನ್ನನ್ನು ಬೇರೆ ಬಾಗಿಲಿನಿಂದ ಹೂವಿನ ಕಡೆ ಕಳಿಸಿ, ಉಳಿದವರನ್ನು ಕರೆದುಕೊಂಡು ಹೋದ. ನಿಮ್ಮ ಜೊತೆ ಈ ಹೊಗೆ ಆಗದವರಿದ್ದರೆ ಗೈಡ್‌ಗೆ ಮೊದಲೇ ಹೇಳಿಟ್ಟಿರಿ, ಇದು ಮುಂದೆ ಹೋಗುವವರಿಗೆ.

ಗಿರಣಿಯಲ್ಲಿ ಅಮ್ಮ ಜೋಳದ ಹಿಟ್ಟು ಕೈಗೆ ತೆಗೆದುಕೊಂಡು ಉಂಡೆ ಮಾಡಿ ತಟ್ಟಿ ತೋರಿಸಿದರು. ಅಕ್ಕಿರೊಟ್ಟಿ ತಟ್ಟುವ ಕೈ. ಅಲ್ಲಿದ್ದ ಹೆಂಗಸು ಅದನ್ನು ಹಾಗೇ ಎತ್ತಿ ತಮ್ಮ ಮಣ್ಣಿನ ಕಾವಲಿ ಮೇಲೆ ಹಾಕಿದರು. ಕಾವಲಿಗೆ ಸುಣ್ಣದ ನೀರು ಬಳಿದಿತ್ತು, ರೊಟ್ಟಿ ಹತ್ತಲಿಲ್ಲ. ಉಬ್ಬಿತು! ಇಬ್ಬರೂ ಕೈ ಚಪ್ಪಾಳೆ ತಟ್ಟಿದರು. ಅವರಿಗೆ ಕನ್ನಡ ಬರದು, ಅಮ್ಮನಿಗೆ ಸ್ಪ್ಯಾನಿಷ್ ಬರದು. ಅರ್ಧ ಗಂಟೆ ಏನು ಮಾತಾಡಿಕೊಂಡರೋ ನನಗೆ ಇವತ್ತಿಗೂ ತಿಳಿಯದು.

ಮರುದಿನ ಒಂಟಿದಾರಿ ಅವರು ಹೇಳಿದ ಹಾಗೆ ನಾವೇ ಹೋದೆವು. ಅಪ್ಪ ಮೆಣಸಿನಕಾಯಿ ಅಂಗಡಿ ಮುಂದೆ ನಿಂತು, ರಾತ್ರಿಯೆಲ್ಲ ಬಾಯಿಪಾಠ ಮಾಡಿದ್ದ "ಈ ಮಿ ಪಿಲೋನ್, ಮಾರ್ಚಾಂತಾ?" ಹೇಳಿದರು. ಆಕೆ ಒಂದು ಕ್ಷಣ ಅಪ್ಪನನ್ನು ನೋಡಿ, ಪಕ್ಕದ ಅಂಗಡಿಯವರನ್ನು ಕೂಗಿ ಕರೆದು, ಇನ್ನೊಮ್ಮೆ ಹೇಳಿಸಿದರು. ಆಮೇಲೆ ಒಂದು ಹಿಡಿ ಹಾಕಿದರು.

ಶನಿವಾರಸಂತೆ_ಮಗಳು:
ಓದುತ್ತಾ ಕಣ್ಣು ತುಂಬಿತು. ತ್ಲಾಕೊಲೂಲಾ ಆಯಿತಾ?

ತುಮಕೂರು_ಡಲ್ಲಾಸ್:
ಆಯಿತು ಅಕ್ಕ. ಅಮ್ಮ ಮುಳ್ಳಿರುವ ಸೀಮೆಬದನೆಕಾಯಿ ಒಂದು ಗುಡ್ಡೆ ತೆಗೆದುಕೊಂಡರು. ನಾವು ಇಳಿದಿದ್ದ ಮನೆಯಲ್ಲಿ ಒಲೆ ಇತ್ತು. ಕೈಗೆ ಎಣ್ಣೆ ಸವರಿಕೊಂಡು ಸಿಪ್ಪೆ ಹೆರೆದು, ಅಲ್ಲೇ ಸಿಕ್ಕಿದ ತೆಂಗಿನಕಾಯಿ ತುರಿದು ಪಲ್ಯ ಮಾಡಿದರು. ಸಾಸಿವೆ ತುಮಕೂರಿನಿಂದ ಡಬ್ಬಿಯಲ್ಲಿ ತಂದಿದ್ದರು. ಒಗ್ಗರಣೆಗೆ ಮುರಿದು ಹಾಕಿದ್ದು ಅಪ್ಪನಿಗೆ ಕೊಸರಾಗಿ ಸಿಕ್ಕಿದ ಆ ಹೊಗೆ ಮೆಣಸಿನಕಾಯಿ. ಮನೆಯೊಡತಿ ವಾಸನೆ ಹಿಡಿದು ಬಾಗಿಲು ತಟ್ಟಿದರು, ಅವರಿಗೂ ಒಂದು ಬಟ್ಟಲು ಕೊಟ್ಟೆವು.